ಹಿರಿಯರ ಮುಂದೆ ಬರೆದುಕೊಟ್ಟ ಕಾಗದ ಮತ್ತು ಗಂಡನ ಕುಟುಂಬ ಪಿಂಚಣಿ

ಪ್ರಶ್ನೆ: ನಾನು ಹಾವೇರಿ ಜಿಲ್ಲೆಯವಳು, ವಯಸ್ಸು 49. 1995ರಲ್ಲಿ ನಮ್ಮೂರಿನ ದೇವಸ್ಥಾನದಲ್ಲಿ ಮದುವೆಯಾಯಿತು, ನೋಂದಣಿ ಮಾಡಿಸಿಲ್ಲ. ಯಜಮಾನರು 1997ರಲ್ಲಿ ಸರ್ಕಾರಿ ಪ್ರಾಥಮಿಕ ಶಾಲೆಯ ಶಿಕ್ಷಕರಾಗಿ ಸೇರಿದರು. ಒಬ್ಬಳು ಮಗಳಿದ್ದಾಳೆ, ಅವಳಿಗೆ 26, ಮದುವೆಯಾಗಿಲ್ಲ. 2009ರಲ್ಲಿ ಯಜಮಾನರು ಬೇರೊಬ್ಬರ ಜೊತೆ ಸಂಸಾರ ಹೂಡಿದರು, ನಾನು ತವರಿಗೆ ಬಂದೆ. ಊರ ಹಿರಿಯರು ಸೇರಿ, ಇನ್ನು ಮುಂದೆ ನಮ್ಮಿಬ್ಬರಿಗೂ ಗಂಡ ಹೆಂಡತಿ ಸಂಬಂಧವಿಲ್ಲ, ಅವರ ಸಂಬಳ, ಆಸ್ತಿ, ಪಿಂಚಣಿ ಯಾವುದರ ಮೇಲೂ ನನಗೆ ಹಕ್ಕಿಲ್ಲ ಎಂದು ಛಾಪಾ ಕಾಗದದ ಮೇಲೆ ಬರೆಸಿ ನನ್ನ ಸಹಿ ಹಾಕಿಸಿಕೊಂಡರು, ಎರಡು ಲಕ್ಷ ರೂಪಾಯಿ ಕೊಡಿಸಿದರು. ಕೋರ್ಟಿಗೆ ಯಾರೂ ಹೋಗಿಲ್ಲ. ಎಂಟು ತಿಂಗಳ ಹಿಂದೆ ಅವರು ಸೇವೆಯಲ್ಲಿರುವಾಗಲೇ ಹೃದಯಾಘಾತದಿಂದ ತೀರಿಕೊಂಡರು. ಸೇವಾ ಪುಸ್ತಕದಲ್ಲಿ ಆಕೆಯನ್ನೇ ಪತ್ನಿ ಎಂದು ಬರೆಸಿ ನಾಮಿನಿ ಮಾಡಿದ್ದಾರಂತೆ. ಅವರಿಗೆ 13 ವರ್ಷದ ಮಗನಿದ್ದಾನೆ. ನನ್ನ ಅತ್ತೆಯೂ ಪಿಂಚಣಿಗೆ ಅರ್ಜಿ ಕೊಟ್ಟಿದ್ದಾರೆ. ಮೈದುನ, ಅಣ್ಣ ಉಯಿಲು ಬರೆದಿಟ್ಟಿದ್ದಾನೆ ಎನ್ನುತ್ತಾನೆ. ಕಚೇರಿಯಲ್ಲಿ ಕೇಳಿದರೆ "ಕೋರ್ಟಿನಿಂದ ಆರ್ಡರ್ ತನ್ನಿ" ಎನ್ನುತ್ತಾರೆ. ಒಬ್ಬ ವಕೀಲರು ಉತ್ತರಾಧಿಕಾರ ಪ್ರಮಾಣಪತ್ರಕ್ಕೆ ಅರ್ಜಿ ಹಾಕೋಣ ಎಂದಿದ್ದಾರೆ. ಸಹಿ ಹಾಕಿಕೊಟ್ಟ ನನಗೆ ಪಿಂಚಣಿ ಸಿಗುವುದೇ?

ಉತ್ತರ: ನೀವು ಬರೆದಿರುವುದೆಲ್ಲ ದಾಖಲೆಯಲ್ಲೂ ಹಾಗೆಯೇ ಇದ್ದರೆ, ಸಿಗಬೇಕು. ಕಾನೂನಿನ ಕಣ್ಣಿನಲ್ಲಿ ಅವರು ತೀರಿಕೊಂಡ ದಿನ ಅವರ ಹೆಂಡತಿ ನೀವು. ಕುಟುಂಬ ಪಿಂಚಣಿಯ ಹಕ್ಕು ನಿಂತಿರುವುದು ಈ ಒಂದು ಸಂಗತಿಯ ಮೇಲೆ. ಗಂಡನ ಜೊತೆ ಎಷ್ಟು ವರ್ಷ ಬಾಳಿದಿರಿ, ಕೊನೆಗಾಲದಲ್ಲಿ ಯಾರು ನೋಡಿಕೊಂಡರು, ಫಾರಂನಲ್ಲಿ ಯಾರ ಹೆಸರು ಬರೆದಿದ್ದಾರೆ ಎಂಬುದರ ಮೇಲೆ ಅಲ್ಲ. ಈ ಮಾತು ಎದುರಿನವರಿಗೆ ಅನ್ಯಾಯವೆಂದು ತೋರಬಹುದು. ಒಮ್ಮೊಮ್ಮೆ ನನಗೂ ತೋರುತ್ತದೆ. ಆದರೆ ನಿಯಮ ಇರುವುದು ಹೀಗೆ.

ನಿಮ್ಮನ್ನು ಹೆಚ್ಚು ಹೆದರಿಸಿರುವುದು ಆ ಕಾಗದ, ಆದ್ದರಿಂದ ಮೊದಲು ಅದನ್ನೇ ನೋಡೋಣ. ಅದರಲ್ಲಿ ಎರಡು ಬೇರೆ ಬೇರೆ ಮಾತುಗಳಿವೆ. ಒಂದು, ಮದುವೆ ಮುಗಿಯಿತು ಎಂಬುದು. ಇನ್ನೊಂದು, ಪಿಂಚಣಿಯ ಹಕ್ಕು ಬಿಟ್ಟುಕೊಟ್ಟೆ ಎಂಬುದು. ಎರಡಕ್ಕೂ ಉತ್ತರ ಬೇರೆ.

1955ರ ಹಿಂದೂ ವಿವಾಹ ಕಾಯ್ದೆ ಬಂದ ಮೇಲೆ ಮದುವೆಯನ್ನು ಮುರಿಯುವ ಅಧಿಕಾರ ಇರುವುದು ನ್ಯಾಯಾಲಯಕ್ಕೆ. ಇಬ್ಬರೂ ಒಪ್ಪಿಯೇ ಬೇರೆಯಾಗುವುದಾದರೂ 13ಬಿ ಕಲಮಿನಡಿ ಕೋರ್ಟಿಗೆ ಹೋಗಿ ಡಿಕ್ರಿ, ಅಂದರೆ ವಿಚ್ಛೇದನದ ಆದೇಶ, ಪಡೆಯಬೇಕು. ಹಿರಿಯರ ಸಹಿ, ನೋಟರಿಯ ಮೊಹರು, ಸಾಕ್ಷಿಗಳ ಹೆಬ್ಬೆಟ್ಟು ಎಷ್ಟೇ ಇದ್ದರೂ ಛಾಪಾ ಕಾಗದ ಡಿಕ್ರಿಯಾಗುವುದಿಲ್ಲ. ಆದರೆ ಇಲ್ಲೊಂದು ಕಿಂಡಿ ಇದೆ, ಎದುರಿನ ವಕೀಲರು ಅದರೊಳಗಿನಿಂದಲೇ ಬರುತ್ತಾರೆ. ಅದೇ ಕಾಯ್ದೆಯ 29ನೇ ಕಲಂ, ರೂಢಿಯಲ್ಲಿರುವ ವಿಚ್ಛೇದನವನ್ನು ಉಳಿಸಿಕೊಂಡಿದೆ. ನಿಮ್ಮ ಭಾಗದ ಕೆಲವು ಸಮುದಾಯಗಳಲ್ಲಿ ಸೋಡಚೀಟಿ ಬರೆದುಕೊಟ್ಟು ಬಿಡಿಸಿಕೊಳ್ಳುವ ಪದ್ಧತಿ ಇತ್ತು ಎಂಬುದು ಸುಳ್ಳಲ್ಲ. "ಇದು ಬರೀ ಒಪ್ಪಂದವಲ್ಲ, ಸೋಡಚೀಟಿ" ಎಂದು ಅವರು ವಾದಿಸಬಹುದು.

ವಾದಿಸಲಿ. ರೂಢಿ ಇದೆ ಎನ್ನುವವರೇ ಅದನ್ನು ಸಾಬೀತು ಮಾಡಬೇಕು ಎಂದು ಸುಪ್ರೀಂ ಕೋರ್ಟ್ 2002ರಲ್ಲಿ ಸ್ಪಷ್ಟಪಡಿಸಿದೆ. ರೂಢಿಯ ವಿಚ್ಛೇದನ ಸಾಮಾನ್ಯ ಕಾನೂನಿಗೆ ಅಪವಾದ, ಆದ್ದರಿಂದ ಅದನ್ನು ದಾವೆಯ ಪತ್ರದಲ್ಲೇ ಬಿಡಿಸಿ ಬರೆದಿರಬೇಕು, ಆಮೇಲೆ ಪುರಾವೆಯಿಂದ ನಿಲ್ಲಿಸಬೇಕು. ಈ ಸಮುದಾಯದಲ್ಲಿ ಇಂಥ ಪದ್ಧತಿ ತಲೆತಲಾಂತರದಿಂದ ಬಿಡದೆ ನಡೆದು ಬಂದಿದೆ, ಇಂತಿಂಥವರು ಹೀಗೆ ಬೇರೆಯಾದರು, ಜನ ಅದನ್ನು ಒಪ್ಪಿಕೊಂಡರು ಎಂದು ಸಾಕ್ಷಿ ಹೇಳುವವರು ಬೇಕು. ಊರ ನಾಲ್ವರು ಕಟ್ಟೆಯ ಮೇಲೆ ಕುಳಿತು ತೀರ್ಮಾನ ಮಾಡಿದರು ಎಂದರೆ ರೂಢಿಯಾಗುವುದಿಲ್ಲ. ಬಹುಪಾಲು ಪ್ರಕರಣಗಳು ಬೀಳುವುದು ಇಲ್ಲಿಯೇ. ಹಾಗೆಂದು ನಿಮ್ಮ ಸಮುದಾಯದಲ್ಲಿ ನಿಜಕ್ಕೂ ಆ ಪದ್ಧತಿ ಇದ್ದರೆ ನಿಮ್ಮ ವಕೀಲರಿಂದ ಮುಚ್ಚಿಡಬೇಡಿ. ಆ ಕಾಗದದ ಪ್ರತಿಯನ್ನೂ ಅವರಿಗೆ ಮೊದಲೇ ತೋರಿಸಿ. ಕಕ್ಷಿದಾರರು ಅಡಗಿಸಿಟ್ಟ ಕಾಗದ ಎದುರಿನವರ ಕೈಯಿಂದ ಹೊರಬಂದಾಗ ಆಗುವ ಹಾನಿ, ಕಾಗದದಿಂದ ಆಗುವ ಹಾನಿಗಿಂತ ದೊಡ್ಡದು.

ಎರಡನೆಯ ಮಾತು ಇನ್ನೂ ಸುಲಭ. 1871ರ ಪಿಂಚಣಿ ಕಾಯ್ದೆಯ 12ನೇ ಕಲಮಿನ ಪ್ರಕಾರ, ಇನ್ನೂ ಪಾವತಿಗೆ ಬಾರದ ಪಿಂಚಣಿಯ ಬಗ್ಗೆ ಮುಂಗಡವಾಗಿ ಮಾಡಿಕೊಂಡ ಒಪ್ಪಂದ, ವರ್ಗಾವಣೆ, ಮಾರಾಟ ಎಲ್ಲವೂ ಶೂನ್ಯ. ನೂರೈವತ್ತು ವರ್ಷ ಹಳೆಯ ಕಾಯ್ದೆ, ಈಗಲೂ ಜಾರಿಯಲ್ಲಿದೆ. 2009ರಲ್ಲಿ ನಿಮ್ಮ ಯಜಮಾನರು ಬದುಕಿದ್ದರು, ನಿಮ್ಮ ಕುಟುಂಬ ಪಿಂಚಣಿಯ ಹಕ್ಕು ಆಗ ಹುಟ್ಟಿಯೇ ಇರಲಿಲ್ಲ. ಆ ಎರಡು ಲಕ್ಷ ನಿಮ್ಮ ಜೀವನಾಂಶವೆಂದು ಕೊಟ್ಟದ್ದಾಗಿರಬಹುದು, ಪಿಂಚಣಿಯ ಬೆಲೆ ಅಲ್ಲ.

ನೋಂದಣಿ ಇಲ್ಲದಿರುವುದಕ್ಕೆ ಚಿಂತಿಸಬೇಡಿ. ನೋಂದಾಯಿಸಿಲ್ಲ ಎಂಬ ಕಾರಣಕ್ಕೆ ಮದುವೆ ಅಸಿಂಧುವಾಗುವುದಿಲ್ಲ ಎಂದು ಹಿಂದೂ ವಿವಾಹ ಕಾಯ್ದೆಯ 8ನೇ ಕಲಮಿನಲ್ಲೇ ಇದೆ. ಆದರೆ ಮದುವೆ ಆಯಿತು ಎಂಬುದಕ್ಕೆ ಪುರಾವೆ ಬೇಕು. ಲಗ್ನಪತ್ರಿಕೆ, ಮದುವೆಯ ಫೋಟೊ, ಮಗಳ ಜನನ ಪ್ರಮಾಣಪತ್ರ, ಅವಳ ಶಾಲಾ ದಾಖಲಾತಿಯಲ್ಲಿ ತಂದೆಯ ಹೆಸರು, ಹಳೆಯ ಪಡಿತರ ಚೀಟಿ, ಮತದಾರರ ಪಟ್ಟಿ, ಯಾವುದನ್ನೂ ಬಿಡಬೇಡಿ. 1997ರಲ್ಲಿ ಕೆಲಸಕ್ಕೆ ಸೇರಿದವರು ಮೊದಲ ಕೆಲವು ವರ್ಷಗಳಲ್ಲಿ ಕಚೇರಿಗೆ ಕೊಟ್ಟ ಕುಟುಂಬದ ವಿವರ ಮತ್ತು ಹಳೆಯ ನಾಮನಿರ್ದೇಶನ ಪತ್ರಗಳಲ್ಲಿ ನಿಮ್ಮ ಹೆಸರೇ ಇರುವ ಸಾಧ್ಯತೆ ಹೆಚ್ಚು. ನಂತರ ಬೇರೆ ಹೆಸರು ಬರೆಸಿದ್ದರೂ ಹಳೆಯ ಹಾಳೆ ಸೇವಾ ಪುಸ್ತಕದಲ್ಲಿ ಉಳಿದಿರುತ್ತದೆ. ಅದರ ದೃಢೀಕೃತ ಪ್ರತಿಗೆ ಇಂದೇ ಅರ್ಜಿ ಕೊಡಿ. ಕೊಡದಿದ್ದರೆ ಮಾಹಿತಿ ಹಕ್ಕಿನಡಿ ಕೇಳಿ. ಅದೂ ಆಗದಿದ್ದರೆ ಮುಂದೆ ನ್ಯಾಯಾಲಯದ ಮೂಲಕ ಮೂಲ ಪುಸ್ತಕವನ್ನೇ ತರಿಸಬಹುದು. ವಿಮಾ ಇಲಾಖೆಯ ಹಳೆಯ ಪಾಲಿಸಿಯ ಪ್ರಸ್ತಾವನೆಯಲ್ಲೂ ಹುಡುಕಿಸಿ.

ಇನ್ನು ನಿಮ್ಮ ಯಜಮಾನರು ಸಂಸಾರ ಹೂಡಿದ ಆಕೆಯ ವಿಚಾರ. ಮೊದಲ ಹೆಂಡತಿ ಬದುಕಿರುವಾಗ, ಆ ಮದುವೆ ಊರ್ಜಿತವಾಗಿರುವಾಗ ಆದ ಎರಡನೆಯ ಮದುವೆ ಹಿಂದೂ ವಿವಾಹ ಕಾಯ್ದೆಯ 5 ಮತ್ತು 11ನೇ ಕಲಂಗಳ ಪ್ರಕಾರ ಆದಿಯಿಂದಲೇ ಶೂನ್ಯ. ಅಂಥ ಎರಡನೆಯ ಪತ್ನಿಗೆ ಕುಟುಂಬ ಪಿಂಚಣಿ ಇಲ್ಲ ಎಂದು ಸುಪ್ರೀಂ ಕೋರ್ಟ್ 2000ನೇ ಇಸವಿಯಲ್ಲಿ ಬಿಹಾರದ ನೌಕರರೊಬ್ಬರ ಪ್ರಕರಣದಲ್ಲಿ ಹೇಳಿದೆ. ನಮ್ಮ ಹೈಕೋರ್ಟಿನ ವಿಭಾಗೀಯ ಪೀಠ 2023ರಲ್ಲಿ ಇದನ್ನೇ ಮತ್ತೆ ಎತ್ತಿ ಹಿಡಿದಿದೆ. ಸೇವಾ ಪುಸ್ತಕದಲ್ಲಿ ಪತ್ನಿ ಎಂದು ಬರೆಸಿದ ಮಾತ್ರಕ್ಕೆ ಯಾರೂ ಪತ್ನಿಯಾಗುವುದಿಲ್ಲ.

ಎದುರಿನವರು 2023ರ ಆಗಸ್ಟ್‌ನ ಇನ್ನೊಂದು ಸುಪ್ರೀಂ ಕೋರ್ಟ್ ತೀರ್ಪನ್ನು ಹಿಡಿದುಕೊಂಡು ಬರುವ ಸಾಧ್ಯತೆ ಇದೆ. ಅದು ಕರ್ನಾಟಕದಿಂದಲೇ ಹೋದದ್ದು, ಮಾಜಿ ಸೈನಿಕರೊಬ್ಬರ ಎರಡನೆಯ ಪತ್ನಿಗೆ ಅದರಲ್ಲಿ ಪಿಂಚಣಿ ಸಿಕ್ಕಿದೆ. ಪತ್ರಿಕೆಗಳಲ್ಲಿ "ಎರಡನೇ ಹೆಂಡತಿಗೂ ಪಿಂಚಣಿ" ಎಂಬ ತಲೆಬರಹ ಓದಿ ಗಾಬರಿಯಾದವರು ಬಹಳ ಮಂದಿ. ಆ ಪ್ರಕರಣದಲ್ಲಿ ಮೊದಲ ಮದುವೆಯನ್ನು 1990ರಲ್ಲಿ ನ್ಯಾಯಾಲಯ ರದ್ದುಪಡಿಸಿತ್ತು. ಆ ನಂತರವೂ ಆ ಸೈನಿಕರು ತೀರಿಕೊಳ್ಳುವವರೆಗೆ ಅವರೂ ಎರಡನೆಯ ಪತ್ನಿಯೂ ಒಟ್ಟಿಗೆ ಬಾಳಿದ್ದರಿಂದ, ವಿಚ್ಛೇದನದ ಬಳಿಕದ ಬಾಳ್ವೆಯನ್ನು ಮದುವೆ ಎಂದು ಭಾವಿಸಬಹುದು ಎಂದು ನ್ಯಾಯಾಲಯ ಹೇಳಿತು. ನಿಮ್ಮಲ್ಲಿ ಡಿಕ್ರಿಯೇ ಇಲ್ಲ. ವ್ಯತ್ಯಾಸ ಇಷ್ಟೇ, ಆದರೆ ಇಡೀ ಪ್ರಕರಣ ನಿಲ್ಲುವುದು ಬೀಳುವುದು ಇದರ ಮೇಲೆ.

ನಾಮಿನಿ ಎಂಬುದನ್ನು ನಮ್ಮ ಕಚೇರಿಗಳು ದೇವರ ವರದಂತೆ ನೋಡುತ್ತವೆ. ಕುಟುಂಬ ಪಿಂಚಣಿಗೆ ಸಂಬಂಧಪಟ್ಟಂತೆ ಅದಕ್ಕೆ ಕವಡೆ ಕಿಮ್ಮತ್ತೂ ಇಲ್ಲ. ಯಾರಿಗೆ, ಯಾವ ಕ್ರಮದಲ್ಲಿ ಪಿಂಚಣಿ ಕೊಡಬೇಕು ಎಂಬುದನ್ನು 2002ರ ಕರ್ನಾಟಕ ಸರ್ಕಾರಿ ನೌಕರರ ಕುಟುಂಬ ಪಿಂಚಣಿ ನಿಯಮಗಳು ನಿಗದಿ ಮಾಡಿವೆ, ನೌಕರನ ಇಷ್ಟಾನಿಷ್ಟಕ್ಕೆ ಅದನ್ನು ಬಿಟ್ಟಿಲ್ಲ. ಉಯಿಲಿನದೂ ಅದೇ ಕತೆ. ಕುಟುಂಬ ಪಿಂಚಣಿ ಸತ್ತವರ ಆಸ್ತಿಯ ಭಾಗವಲ್ಲ, ಅವರು ಬದುಕಿರುವಾಗ ಅದು ಅವರ ಕೈಗೆ ಬರುವ ಹಣವೇ ಅಲ್ಲ, ಆದ್ದರಿಂದ ಉಯಿಲಿನಲ್ಲಿ ಯಾರಿಗೂ ಬರೆದುಕೊಡಲಾಗದು. 1980ರಲ್ಲಿ ವಾಯುಪಡೆಯ ಅಧಿಕಾರಿಯೊಬ್ಬರು ದೂರವಾಗಿದ್ದ ಹೆಂಡತಿಗೆ ಏನೂ ಸಿಗದಂತೆ ಉಯಿಲು ಮಾಡಿದ್ದ ಪ್ರಕರಣದಲ್ಲೂ, 1991ರಲ್ಲಿ ರೈಲ್ವೆ ನೌಕರರೊಬ್ಬರ ಸಹೋದರ ಉಯಿಲು ತೋರಿಸಿ ಹಕ್ಕು ಕೇಳಿದ ಪ್ರಕರಣದಲ್ಲೂ ಸುಪ್ರೀಂ ಕೋರ್ಟ್ ವಿಧವೆಯ ಪರ ನಿಂತಿತು. ನಿಮ್ಮ ಮೈದುನ ಉಯಿಲು ತರಲಿ. ಮನೆ, ಹೊಲದ ವಿಚಾರದಲ್ಲಿ ಅದಕ್ಕೆ ಬೆಲೆ ಇರಬಹುದು, ಪಿಂಚಣಿಯ ಕಡತದಲ್ಲಿ ಅದು ಒಂದು ಹೆಚ್ಚುವರಿ ಹಾಳೆ ಅಷ್ಟೆ.

ಹುಡುಗನ ವಿಷಯ ಬೇರೆ, ಇಲ್ಲಿ ನಿಮಗೆ ಹಿತವೆನಿಸದ ಮಾತನ್ನು ಹೇಳಬೇಕಾಗಿದೆ. ಶೂನ್ಯ ಮದುವೆಯಲ್ಲಿ ಹುಟ್ಟಿದ ಮಕ್ಕಳು ಕಾನೂನಿನ ದೃಷ್ಟಿಯಲ್ಲಿ ಔರಸ (ಸಕ್ರಮ) ಮಕ್ಕಳೇ ಎಂದು ಹಿಂದೂ ವಿವಾಹ ಕಾಯ್ದೆಯ 16ನೇ ಕಲಂ ಹೇಳುತ್ತದೆ. ಆ ಬಿಹಾರದ ಪ್ರಕರಣದಲ್ಲಿ ಸುಪ್ರೀಂ ಕೋರ್ಟ್ ತಾಯಿಗೆ ಪಿಂಚಣಿ ನಿರಾಕರಿಸಿದರೂ ಆಕೆಯ ಅಪ್ರಾಪ್ತ ಮಕ್ಕಳಿಗೆ ಪ್ರಾಪ್ತ ವಯಸ್ಸು ತುಂಬುವವರೆಗೆ ಪಾಲು ಉಳಿಸಿತು. ಆದ್ದರಿಂದ ಆ 13ರ ಹುಡುಗನ ಪಾಲನ್ನೂ ಅಲ್ಲಗಳೆಯಲು ಹೊರಟರೆ ನಿಮ್ಮ ಪ್ರಕರಣವೇ ದುರ್ಬಲವಾಗುತ್ತದೆ, ವರ್ಷಗಟ್ಟಲೆ ಎಳೆಯುತ್ತದೆ. "ತಾಯಿಗೆ ಹಕ್ಕಿಲ್ಲ, ಮಗನಿಗೆ ನಿಯಮದಂತೆ ಸಿಗಬೇಕಾದದ್ದು ಸಿಗಲಿ, ಅವನ ಪಾಲು ನಿಂತ ಮೇಲೆ ಪೂರ್ತಿ ಮೊತ್ತ ನನಗೆ ಬರಲಿ" ಎಂದು ಅರ್ಜಿಯಲ್ಲೇ ಬರೆದುಬಿಡಿ. ಹೀಗೆ ಬರೆದ ಅರ್ಜಿಯನ್ನು ಅಧಿಕಾರಿಯೂ ನ್ಯಾಯಾಧೀಶರೂ ಬೇರೆ ಕಣ್ಣಿನಿಂದ ನೋಡುತ್ತಾರೆ. ಎಷ್ಟೋ ಪ್ರಕರಣಗಳಲ್ಲಿ ಎದುರಿನವರು ರಾಜಿಗೆ ಬರುವುದೂ ಮಗುವಿನ ಪಾಲು ಖಾತ್ರಿಯಾದ ಮೇಲೆಯೇ.

ಅತ್ತೆಯವರಿಗೆ ಈ ಪಿಂಚಣಿಯಲ್ಲಿ ಈಗ ಹಕ್ಕಿಲ್ಲ. ಹೆಂಡತಿ ಇರುವಾಗ ತಾಯಿಯ ಸರದಿ ಬರುವುದಿಲ್ಲ. ಆದರೂ ಅವರೊಡನೆ ಜಗಳಕ್ಕೆ ನಿಲ್ಲಬೇಡಿ. ಮಗನ ಮದುವೆ ಯಾರೊಡನೆ, ಎಲ್ಲಿ, ಯಾವಾಗ ಆಯಿತು ಎಂದು ಹೇಳಲು ಅವರಿಗಿಂತ ಒಳ್ಳೆಯ ಸಾಕ್ಷಿ ನಿಮಗೆ ಸಿಗಲಾರರು. ಮಗನ ಇತರ ಹಣದಲ್ಲಿ ಅವರಿಗೆ ಪಾಲಿದೆ, ಮುಂದೆ ಹೇಳುತ್ತೇನೆ. ಆ ಪಾಲನ್ನು ನೀವು ಅಲ್ಲಗಳೆಯುವುದಿಲ್ಲ ಎಂದು ತಿಳಿದರೆ ಪಿಂಚಣಿಯ ಅರ್ಜಿಯನ್ನು ಅವರೇ ಹಿಂದಕ್ಕೆ ಪಡೆಯಬಹುದು.

ಈಗ "ಕೋರ್ಟಿನಿಂದ ಆರ್ಡರ್ ತನ್ನಿ" ಎಂಬ ಮಾತಿಗೆ ಬರೋಣ. ವಿಧವೆಯರನ್ನು ಕಚೇರಿಯಿಂದ ಎಬ್ಬಿಸಿ ಕಳುಹಿಸಲು ಇದಕ್ಕಿಂತ ಸುಲಭದ ಮಾತು ಇನ್ನೊಂದಿಲ್ಲ. ಯಾವ ಆರ್ಡರ್? ಯಾವ ನಿಯಮದ ಪ್ರಕಾರ? ಬಾಯಲ್ಲಿ ಹೇಳಿದವರು ಕಾಗದದ ಮೇಲೆ ಹೇಳುವುದಿಲ್ಲ, ಬಾಯಿಮಾತಿನ ಮೇಲೆ ಮೇಲ್ಮನವಿ ಹೋಗುವಂತಿಲ್ಲ. ಹಾಗಾಗಿ ನೀವು ಮೊದಲು ಮಾಡಬೇಕಾದದ್ದು ಲಿಖಿತ ಕೋರಿಕೆ. ಸಂಬಳ ಬಟವಾಡೆ ಮಾಡುತ್ತಿದ್ದ ಅಧಿಕಾರಿಗೆ, ಶಿಕ್ಷಕರಾದ್ದರಿಂದ ಸಾಮಾನ್ಯವಾಗಿ ಕ್ಷೇತ್ರ ಶಿಕ್ಷಣಾಧಿಕಾರಿಗೆ, ಅರ್ಜಿ ಬರೆಯಿರಿ. ಮದುವೆ, ಮಗಳು, ಡಿಕ್ರಿ ಇಲ್ಲದಿರುವುದು, ಎರಡನೆಯ ಮದುವೆ ಶೂನ್ಯವಾಗಿರುವುದು ಎಲ್ಲವನ್ನೂ ಒಂದೂವರೆ ಪುಟದಲ್ಲಿ ಹೇಳಿ. 2002ರ ನಿಯಮಗಳಡಿ ಕುಟುಂಬ ಪಿಂಚಣಿ ಮಂಜೂರು ಮಾಡಲು ಕೇಳಿ. ಬೇರೆಯವರ ಪ್ರಸ್ತಾವನೆಯನ್ನು ನಿಮ್ಮ ಮಾತು ಕೇಳದೆ ಕಳುಹಿಸಬಾರದು ಎಂಬ ತಕರಾರನ್ನೂ ಅದರಲ್ಲೇ ಸೇರಿಸಿ. ಕೊನೆಯಲ್ಲಿ, ಮಂಜೂರು ಮಾಡಲಾಗದಿದ್ದರೆ ಕಾರಣ ತಿಳಿಸಿ ಹಿಂಬರಹ, ಅಂದರೆ ಲಿಖಿತ ಉತ್ತರ, ನೀಡಬೇಕು ಎಂದು ಬರೆಯಿರಿ. ಮರಣ ಪ್ರಮಾಣಪತ್ರ, ನಾಡಕಚೇರಿಯಿಂದ ಪಡೆದ ವಂಶವೃಕ್ಷ, ಮದುವೆಯ ಪುರಾವೆಗಳ ನಕಲು ಲಗತ್ತಿಸಿ. ಇನ್ನೊಂದು ಪ್ರತಿಯನ್ನು ಬೆಂಗಳೂರಿನ ಪ್ರಧಾನ ಮಹಾಲೇಖಪಾಲರ ಕಚೇರಿಗೆ ಕಳುಹಿಸಿ, ಪಿಂಚಣಿ ಪಾವತಿ ಆದೇಶ ಹೊರಡುವುದು ಅಲ್ಲಿಂದ. ಒಮ್ಮೆ ಆಕೆಯ ಹೆಸರಿನಲ್ಲಿ ಆದೇಶ ಹೊರಟು ಹಣ ಪಾವತಿಯಾಗತೊಡಗಿದರೆ ಅದನ್ನು ತಿರುಗಿಸುವುದು ಎರಡು ಪಟ್ಟು ಕೆಲಸ.

ಅರ್ಜಿಯನ್ನು ವಿಷಯ ನಿರ್ವಾಹಕರ ಕೈಗೆ ಕೊಟ್ಟು ಬರಬೇಡಿ. ಅವರು ಎಷ್ಟೇ ಒಳ್ಳೆಯವರಾಗಿರಲಿ, ಮೇಜಿನ ಮೇಲಿಟ್ಟ ಕಾಗದಕ್ಕೆ ಹುಟ್ಟಿದ ದಿನಾಂಕ ಇರುವುದಿಲ್ಲ. ಟಪಾಲು ಶಾಖೆಯಲ್ಲಿ ಕೊಟ್ಟು, ನಿಮ್ಮ ಪ್ರತಿಯ ಮೇಲೆ ದಿನಾಂಕದ ಮೊಹರು ಹಾಗೂ ಸ್ವೀಕೃತಿ ಸಂಖ್ಯೆ ಹಾಕಿಸಿಕೊಳ್ಳಿ. ಆ ಮೊಹರಿನ ಮೌಲ್ಯ ಆರು ತಿಂಗಳ ನಂತರ ಗೊತ್ತಾಗುತ್ತದೆ. ಹೇಗೆಂದರೆ, ಸರ್ಕಾರಿ ನೌಕರರ ಪಿಂಚಣಿಯ ವ್ಯಾಜ್ಯ ಹೋಗಬೇಕಾದದ್ದು ಕರ್ನಾಟಕ ರಾಜ್ಯ ಆಡಳಿತ ನ್ಯಾಯಮಂಡಳಿಗೆ, ಜನರ ಬಾಯಲ್ಲಿ ಕೆಎಟಿ. ಹಿಂಬರಹ ಕೈಗೆ ಬಂದರೆ ಅಲ್ಲಿಂದ ಒಂದು ವರ್ಷದೊಳಗೆ ಅಲ್ಲಿ ಅರ್ಜಿ ಹಾಕಬೇಕು. ಹಿಂಬರಹವೇ ಬಾರದಿದ್ದರೆ, ಮನವಿ ಕೊಟ್ಟು ಆರು ತಿಂಗಳು ಕಳೆದ ಮೇಲೆ ಒಂದು ವರ್ಷದ ಅವಧಿ ಇರುತ್ತದೆ. ಬೆಂಗಳೂರಿನವರೆಗೆ ಓಡಾಡಬೇಕಿಲ್ಲ, ಬೆಳಗಾವಿ ಮತ್ತು ಕಲಬುರಗಿಯಲ್ಲೂ ಪೀಠಗಳಿವೆ. ನ್ಯಾಯಮಂಡಳಿಯ ಆದೇಶ ಒಪ್ಪಿಗೆಯಾಗದಿದ್ದರೆ ಹೈಕೋರ್ಟಿನ ವಿಭಾಗೀಯ ಪೀಠ ಇದೆ.

ಆದರೆ ನಿಮ್ಮ ಪ್ರಕರಣದಲ್ಲಿ ನ್ಯಾಯಮಂಡಳಿ ಒಂದೇ ಸಾಕಾಗುತ್ತದೆ ಎಂದು ಹೇಳಿದರೆ ನಿಮಗೆ ಸುಳ್ಳು ಭರವಸೆ ಕೊಟ್ಟಂತೆ. ಆಕೆ ನಿಮ್ಮ ಮದುವೆಯನ್ನು ಅಥವಾ ಸೋಡಚೀಟಿಯನ್ನು ಗಂಭೀರವಾಗಿ ಎತ್ತಿದರೆ, ಸಾಕ್ಷಿ ವಿಚಾರಣೆ ಬೇಕಾದ ಇಂಥ ಪ್ರಶ್ನೆಯನ್ನು ಮೊದಲು ಸಿವಿಲ್ ನ್ಯಾಯಾಲಯದಲ್ಲಿ ಬಗೆಹರಿಸಿಕೊಂಡು ಬನ್ನಿ ಎಂದೇ ನ್ಯಾಯಮಂಡಳಿ ಹೇಳುವ ಸಂಭವ ಹೆಚ್ಚು. ಆ ಮಟ್ಟಿಗೆ ಕಚೇರಿಯವರ ಮಾತಿನಲ್ಲೂ ಸ್ವಲ್ಪ ಹುರುಳಿದೆ. ಆಗ ನಿಮಗೆ ಬೇಕಾದ ಆರ್ಡರ್, ನೀವು ಮೃತರ ಕಾನೂನುಬದ್ಧ ಪತ್ನಿ ಎಂಬ ಘೋಷಣೆ. ಮದುವೆಯ ಸಿಂಧುತ್ವ ಮತ್ತು ವೈವಾಹಿಕ ಸ್ಥಾನಮಾನದ ಘೋಷಣೆಯ ದಾವೆ 1984ರ ಕೌಟುಂಬಿಕ ನ್ಯಾಯಾಲಯಗಳ ಕಾಯ್ದೆಯ 7ನೇ ಕಲಮಿನಡಿ ಬರುತ್ತದೆ. ನಿಮ್ಮ ವ್ಯಾಪ್ತಿಗೆ ಕೌಟುಂಬಿಕ ನ್ಯಾಯಾಲಯ ಇದ್ದರೆ ಅಲ್ಲಿಗೇ, ಇಲ್ಲದಿದ್ದರೆ ಸಿವಿಲ್ ನ್ಯಾಯಾಲಯಕ್ಕೆ ಹೋಗಬೇಕು. ತಪ್ಪು ನ್ಯಾಯಾಲಯದಲ್ಲಿ ಹಾಕಿ ಎರಡು ವರ್ಷದ ಮೇಲೆ ದಾವೆ ವಾಪಸ್ಸು ಬರುವುದು ಅಪರೂಪವೇನಲ್ಲ. ಘೋಷಣೆಯ ದಾವೆಗೆ ಕಾಲಮಿತಿ ಮೂರು ವರ್ಷ.

ದಾವೆಯಲ್ಲಿ ಕೇಳಬೇಕಾದದ್ದು ಸ್ಥಾನಮಾನವನ್ನು, ಪಿಂಚಣಿಯ ಹಣವನ್ನಲ್ಲ. ಸರ್ಕಾರ ಕೊಡುವ ಪಿಂಚಣಿಗಾಗಿಯೇ ಸಿವಿಲ್ ದಾವೆ ಹೂಡುವುದಕ್ಕೆ ಆ 1871ರ ಕಾಯ್ದೆಯೇ ಅಡ್ಡ ಬರುತ್ತದೆ. ಘೋಷಣೆ ಸಿಕ್ಕ ಮೇಲೆ ಪಿಂಚಣಿಯನ್ನು ಇಲಾಖೆ ಕೊಡಲೇಬೇಕು, ಕೊಡದಿದ್ದರೆ ನ್ಯಾಯಮಂಡಳಿ ಇದೆ. ಆಕೆಯನ್ನು, ಹುಡುಗನನ್ನು, ಅತ್ತೆಯವರನ್ನು, ಇಲಾಖೆಯನ್ನು ಪ್ರತಿವಾದಿಗಳನ್ನಾಗಿ ಸೇರಿಸಬೇಕು, ಯಾರೊಬ್ಬರನ್ನು ಬಿಟ್ಟರೂ ತೀರ್ಪು ಅವರನ್ನು ಕಟ್ಟಿಹಾಕುವುದಿಲ್ಲ. ಸರ್ಕಾರವನ್ನು ಸೇರಿಸುವುದರಿಂದ ಮೊದಲು ಎರಡು ತಿಂಗಳ ನೋಟಿಸ್ ಕೊಡಬೇಕು. ತುರ್ತು ಇದ್ದರೆ ನ್ಯಾಯಾಲಯದ ಅನುಮತಿ ಪಡೆದು ನೋಟಿಸ್ ಇಲ್ಲದೆಯೂ ಹಾಕಬಹುದು. ಆಕೆಗೆ ಹಣ ಪಾವತಿಯಾಗದಂತೆ ಮಧ್ಯಂತರ ತಡೆಯಾಜ್ಞೆಯನ್ನು ಅದರೊಂದಿಗೇ ಕೇಳಿ. ಅವರೇ ಮೊದಲು ದಾವೆ ಹೂಡಿ ನಿಮ್ಮ ಬೆನ್ನ ಹಿಂದೆ ತಡೆಯಾಜ್ಞೆ ತರುವ ಅನುಮಾನವಿದ್ದರೆ ಈಗಲೇ ಕೇವಿಯಟ್, ಅಂದರೆ ನನ್ನ ಮಾತು ಕೇಳದೆ ಆದೇಶ ಕೊಡಬಾರದು ಎಂಬ ಮನವಿ, ಸಲ್ಲಿಸಿ. ಅದು ತೊಂಬತ್ತು ದಿನ ಊರ್ಜಿತ, ಮತ್ತೆ ಹಾಕಬಹುದು.

ಖರ್ಚಿನ ಬಗ್ಗೆ ನೀವು ಕೇಳಿಲ್ಲ, ಆದರೂ ಹೇಳುತ್ತೇನೆ. 1987ರ ಕಾನೂನು ಸೇವಾ ಪ್ರಾಧಿಕಾರಗಳ ಕಾಯ್ದೆಯಡಿ ಮಹಿಳೆಯರಿಗೆ ಉಚಿತ ವಕೀಲರ ನೆರವು ಇದೆ, ಅದಕ್ಕೆ ಆದಾಯದ ಮಿತಿ ಇಲ್ಲ. ಜಿಲ್ಲಾ ನ್ಯಾಯಾಲಯದ ಆವರಣದಲ್ಲೇ ಜಿಲ್ಲಾ ಕಾನೂನು ಸೇವಾ ಪ್ರಾಧಿಕಾರದ ಕಚೇರಿ ಇರುತ್ತದೆ. ಒಂದು ಅರ್ಜಿ ಬರೆದುಕೊಟ್ಟರೆ ಸಾಕು.

ನಿಮ್ಮ ವಕೀಲರು ಹೇಳಿದ ಉತ್ತರಾಧಿಕಾರ ಪ್ರಮಾಣಪತ್ರಕ್ಕೆ ಬರುತ್ತೇನೆ. ಅದು ಬೇಡವೆಂದಲ್ಲ, ಅದರ ಕೆಲಸ ಬೇರೆ. ಸತ್ತವರಿಗೆ ಬರಬೇಕಾಗಿದ್ದ ಬಾಕಿಗಳನ್ನು ವಸೂಲು ಮಾಡಲು 1925ರ ಭಾರತೀಯ ಉತ್ತರಾಧಿಕಾರ ಕಾಯ್ದೆಯಡಿ ಕೊಡುವ ಪತ್ರ ಅದು. ಕುಟುಂಬ ಪಿಂಚಣಿ ಸತ್ತವರ ಬಾಕಿಯಲ್ಲ, ನಿಮ್ಮ ಸ್ವಂತ ಹಕ್ಕು. ಅಷ್ಟೇ ಅಲ್ಲ, ಆ ಪ್ರಕ್ರಿಯೆಯಲ್ಲಿ ಕೊಟ್ಟ ತೀರ್ಮಾನ ಅದೇ ಪ್ರಶ್ನೆಯನ್ನು ಇನ್ನೊಂದು ದಾವೆಯಲ್ಲಿ ಎತ್ತುವುದಕ್ಕೆ ಅಡ್ಡಿಯಲ್ಲ ಎಂದು 387ನೇ ಕಲಂ ಹೇಳುತ್ತದೆ. ಮೂರು ವರ್ಷ ಓಡಾಡಿ ಪ್ರಮಾಣಪತ್ರ ತಂದ ಮೇಲೆ ಆಕೆ ಘೋಷಣೆಯ ದಾವೆ ಹೂಡಿದರೆ ಮತ್ತೆ ಮೊದಲಿನಿಂದ ಶುರು. ಆದ್ದರಿಂದ ಪಿಂಚಣಿಗೆ ಘೋಷಣೆ, ಇತರ ಹಣಕ್ಕೆ ಪ್ರಮಾಣಪತ್ರ ಎಂದು ಎರಡನ್ನೂ ಬೇರೆ ಇಡಿ.

ಇತರ ಹಣ ಎಂದರೆ ಬಾಕಿ ಸಂಬಳ, ಬ್ಯಾಂಕಿನಲ್ಲಿರುವ ಉಳಿತಾಯ, ಠೇವಣಿ ಇಂಥವು. ಉಯಿಲು ಇಲ್ಲದಿದ್ದರೆ, ಅಥವಾ ಅದು ಸಾಬೀತಾಗದಿದ್ದರೆ, ಇವು 1956ರ ಹಿಂದೂ ಉತ್ತರಾಧಿಕಾರ ಕಾಯ್ದೆಯ ಪ್ರಕಾರ ಹೆಂಡತಿ, ಮಕ್ಕಳು ಮತ್ತು ತಾಯಿಗೆ ಸಮಪಾಲು. ನಿಮ್ಮ ಮನೆಯ ಲೆಕ್ಕದಲ್ಲಿ ನೀವು, ಮಗಳು, ಆ ಹುಡುಗ, ಅತ್ತೆ ನಾಲ್ವರಿಗೂ ನಾಲ್ಕನೇ ಒಂದು. ಉಪದಾನ (ಗ್ರಾಚ್ಯುಟಿ) ಮತ್ತು ಭವಿಷ್ಯ ನಿಧಿಯ ಕ್ರಮ ಬೇರೆ. ಅಲ್ಲಿ ನಾಮನಿರ್ದೇಶನಕ್ಕೆ ಬೆಲೆ ಇದೆ, ಆದರೆ ಕುಟುಂಬ ಇರುವ ನೌಕರ ಕುಟುಂಬದ ಸದಸ್ಯರನ್ನು ಮಾತ್ರ ಹೆಸರಿಸಬಹುದು. ಪತ್ನಿಯಲ್ಲದವರನ್ನು ಪತ್ನಿ ಎಂದು ತೋರಿಸಿ ಮಾಡಿದ ನಾಮನಿರ್ದೇಶನ ನಿಲ್ಲುವುದು ಕಷ್ಟ. ಆ ಮೊತ್ತವನ್ನೂ ತಡೆಹಿಡಿಯುವಂತೆ ಅದೇ ತಕರಾರಿನಲ್ಲಿ ಕೇಳಿ.

ಮೊತ್ತ ಎಷ್ಟು ಬರಬಹುದು? 2006ರ ಏಪ್ರಿಲ್ 1ಕ್ಕೆ ಮೊದಲೇ ಸೇವೆಗೆ ಸೇರಿದ್ದರಿಂದ ಅವರು ಹಳೆಯ ಪಿಂಚಣಿ ಪದ್ಧತಿಯವರು, ಅದು ನಿಮ್ಮ ಅದೃಷ್ಟ. ಸಾಮಾನ್ಯ ದರದ ಕುಟುಂಬ ಪಿಂಚಣಿ ಕೊನೆಯ ಮೂಲ ವೇತನದ ಶೇ 30. ಏಳು ವರ್ಷಕ್ಕಿಂತ ಹೆಚ್ಚು ಸೇವೆ ಸಲ್ಲಿಸಿ ಸೇವೆಯಲ್ಲಿರುವಾಗಲೇ ತೀರಿಕೊಂಡರೆ ಮೊದಲ ಏಳು ವರ್ಷ, ಅಥವಾ ಅವರು ಬದುಕಿದ್ದರೆ ನಿಯಮ ಹೇಳುವ ವಯಸ್ಸು ತುಂಬುವವರೆಗೆ, ಯಾವುದು ಮೊದಲೋ ಅಲ್ಲಿಯವರೆಗೆ ಹೆಚ್ಚಿನ ದರ. ಅದು ಮೂಲ ವೇತನದ ಅರ್ಧ ಅಥವಾ ಸಾಮಾನ್ಯ ದರದ ಎರಡು ಪಟ್ಟು, ಇವೆರಡರಲ್ಲಿ ಕಡಿಮೆಯದು. ಮೂಲ ವೇತನ 60,000 ರೂಪಾಯಿ ಎಂದಿಟ್ಟುಕೊಂಡರೆ ಮೊದಲು ತಿಂಗಳಿಗೆ 30,000, ಆಮೇಲೆ 18,000, ಅದರ ಮೇಲೆ ತುಟ್ಟಿಭತ್ಯೆ. ಏಳನೇ ವೇತನ ಆಯೋಗದ ಬಳಿಕ ರಾಜ್ಯದಲ್ಲಿ ಕನಿಷ್ಠ ಪಿಂಚಣಿ 13,500 ರೂಪಾಯಿ. ಹೆಚ್ಚಿನ ದರದ ಅವಧಿ ಲೆಕ್ಕವಾಗುವುದು ಮರಣದ ಮರುದಿನದಿಂದ, ನಿಮಗೆ ಮಂಜೂರಾದ ದಿನದಿಂದಲ್ಲ. ವ್ಯಾಜ್ಯ ಮುಗಿದ ಮೇಲೆ ಹಿಂಬಾಕಿಯನ್ನು ಯಾವ ದರದಲ್ಲಿ ಲೆಕ್ಕ ಹಾಕಿದ್ದಾರೆ ಎಂದು ನೋಡದೆ ಸಹಿ ಹಾಕಬೇಡಿ.

ಹಿಂಬಾಕಿಯ ಮಾತು ಬಂದದ್ದಕ್ಕೆ, ಇದನ್ನು ಓದುತ್ತಿರುವ ಬೇರೆಯವರಿಗೆ ಒಂದು ಮಾತು. ಗಂಡ ತೀರಿಕೊಂಡು ಹತ್ತು ಹದಿನೈದು ವರ್ಷ ಸುಮ್ಮನಿದ್ದು ಈಗ ಕೇಳುವುದಾದರೂ ಪಿಂಚಣಿಯ ಹಕ್ಕು ಸತ್ತಿರುವುದಿಲ್ಲ, ಅದು ಪ್ರತಿ ತಿಂಗಳೂ ಹೊಸದಾಗಿ ಹುಟ್ಟುತ್ತದೆ. ಆದರೆ ಹಳೆಯ ಬಾಕಿಯನ್ನು ಸಾಮಾನ್ಯವಾಗಿ ಅರ್ಜಿ ಹಾಕಿದ್ದಕ್ಕಿಂತ ಹಿಂದಿನ ಮೂರು ವರ್ಷಕ್ಕೆ ಸೀಮಿತಗೊಳಿಸಬೇಕು ಎಂದು ಸುಪ್ರೀಂ ಕೋರ್ಟ್ 2008ರಲ್ಲಿ ಹೇಳಿದೆ. ತಡ ಮಾಡಿದಷ್ಟು ಕಳೆದುಕೊಂಡಂತೆ. ಮರುಮದುವೆಯಾದರೆ ರಾಜ್ಯದ ನಿಯಮದಂತೆ ವಿಧವೆಯ ಪಿಂಚಣಿ ನಿಲ್ಲುತ್ತದೆ, ಇದೂ ನೆನಪಿರಲಿ.

ಕೊನೆಯದಾಗಿ, ನೀವು ಕೇಳದೇ ಇರುವ, ಆದರೆ ಎಲ್ಲಕ್ಕಿಂತ ತುರ್ತಾದ ವಿಷಯ ನಿಮ್ಮ ಮಗಳದು. ಸೇವೆಯಲ್ಲಿರುವಾಗ ತೀರಿಕೊಂಡ ನೌಕರನ ಕುಟುಂಬದವರೊಬ್ಬರಿಗೆ ಅನುಕಂಪದ ಆಧಾರದ ಮೇಲೆ ನೌಕರಿ ಕೊಡುವ 1996ರ ನಿಯಮಗಳು ಇವೆ. ಅದಕ್ಕೆ ಅರ್ಜಿ ಹಾಕಲು ಮರಣದ ದಿನದಿಂದ ಒಂದೇ ವರ್ಷ ಅವಕಾಶ. ಎಂಟು ತಿಂಗಳು ಆಗಲೇ ಹೋಗಿದೆ. ಪಿಂಚಣಿಯ ಜಗಳ ತೀರಲಿ ಎಂದು ಕಾಯುತ್ತಾ ಕುಳಿತು ಈ ಗಡುವನ್ನು ತಪ್ಪಿಸಿಕೊಂಡವರು ಅನೇಕರು. ನಿಯಮದಲ್ಲಿ ಮೊದಲ ಅವಕಾಶ ವಿಧವೆಗೆ ಇರುವುದರಿಂದ, ನಿಮಗೆ ನೌಕರಿ ಬೇಡ, ಮಗಳಿಗೆ ಕೊಡಲಿ ಎಂದು ಒಪ್ಪಿಗೆಯ ಪ್ರಮಾಣಪತ್ರ (ಅಫಿಡವಿಟ್) ಬರೆದುಕೊಡಿ, ಅರ್ಜಿಯನ್ನು ಮಗಳ ಹೆಸರಿನಲ್ಲೇ ಹಾಕಿಸಿ. ಕುಟುಂಬದ ಆದಾಯ ಮತ್ತು ಅವಲಂಬನೆಯ ಷರತ್ತುಗಳಿವೆ, ಅವಳು ತಂದೆಯಿಂದ ದೂರ ಬೆಳೆದವಳಾದ್ದರಿಂದ ಆಕ್ಷೇಪ ಬಂದೇ ಬರುತ್ತದೆ. ಹುಡುಗನ ಪರವಾಗಿಯೂ ಒಂದು ಅರ್ಜಿ ಬರಬಹುದು. ಅವೆಲ್ಲ ಆಮೇಲಿನ ಮಾತು. ಗಡುವಿನೊಳಗೆ ಅರ್ಜಿ ಟಪಾಲಿಗೆ ಸೇರಿದ್ದರೆ ಆಕ್ಷೇಪಕ್ಕೆ ಉತ್ತರ ಕೊಡಬಹುದು, ಸೇರಿಲ್ಲದಿದ್ದರೆ ಕೊಡಲು ಏನೂ ಇರುವುದಿಲ್ಲ. ಪಿಂಚಣಿಯ ಮನವಿ ಮತ್ತು ಈ ಅರ್ಜಿ ಎರಡನ್ನೂ ಒಂದೇ ದಿನ ಕೊಟ್ಟು, ಎರಡಕ್ಕೂ ಬೇರೆ ಬೇರೆ ಸ್ವೀಕೃತಿ ಪಡೆದುಕೊಳ್ಳಿ.